ಟೆಕ್ಸಾಸ್ ಡ್ಯಾಂಡಲಿಯನ್ ಗುರುತಿಸಬೇಕಾ? ಮೊದಲು ಗಡಿಯಾರ ನೋಡಿ

ಏಪ್ರಿಲ್‌ನಲ್ಲಿ ಒಂದು ದಿನ ಬೆಳಿಗ್ಗೆ ಒಂಬತ್ತರ ಹೊತ್ತಿಗೆ ಟೆಕ್ಸಾಸ್‌ನ ಯಾವುದಾದರೂ ಹಳ್ಳಿ ರಸ್ತೆಯ ಪಕ್ಕ ಕಾರು ನಿಲ್ಲಿಸಿ ನೋಡಿ. ಹುಲ್ಲಿನ ಮೇಲೆ ತೆಳು ಹಳದಿ ಹೂಗಳು ಚೆಲ್ಲಿಕೊಂಡಿರುತ್ತವೆ. ಮಧ್ಯಾಹ್ನ ಎರಡು ಗಂಟೆಗೆ ಅದೇ ದಾರಿಯಲ್ಲಿ ವಾಪಸ್ ಬನ್ನಿ. ಒಂದೂ ಕಾಣುವುದಿಲ್ಲ. ಮೊದಲ ವರ್ಷ ನಾನು ಯಾರೋ ಬಂದು ಹುಲ್ಲು ಕತ್ತರಿಸಿಕೊಂಡು ಹೋಗಿದ್ದಾರೆ ಅಂತಲೇ ಅಂದುಕೊಂಡಿದ್ದೆ. ಇಳಿದು ನೋಡಿದರೆ ಗಿಡಗಳೆಲ್ಲ ಹಾಗೇ ನಿಂತಿವೆ, ಹೂ ಮಾತ್ರ ಬಾಯಿ ಮುಚ್ಚಿಕೊಂಡು ಮೊಗ್ಗಿನ ಹಾಗೆ ಕೂತಿವೆ.

ಆ ಹೂವಿನ ಫೋಟೋ ಫೋನಿನ ಆ್ಯಪ್‌ಗೆ ಕೊಟ್ಟರೆ ಅದು ಒಂದು ಸಲ ಡ್ಯಾಂಡಲಿಯನ್ ಅಂದಿತು, ಇನ್ನೊಂದು ಸಲ ಕ್ಯಾಟ್ಸ್‌ಇಯರ್ ಅಂದಿತು. ಎರಡೂ ತಪ್ಪು. ಅದು ಇಲ್ಲಿಯದೇ ನೆಲದ ಗಿಡ. ಟೆಕ್ಸಾಸ್ ಡ್ಯಾಂಡಲಿಯನ್ ಅಂತಲೂ ಫಾಲ್ಸ್ ಡ್ಯಾಂಡಲಿಯನ್ ಅಂತಲೂ ಕರೆಯುತ್ತಾರೆ. ಸಸ್ಯಶಾಸ್ತ್ರದಲ್ಲಿ ಇದರ ಕುಲದ ಹೆಸರು ಪಿರೋಪಪ್ಪಸ್. ಈ ‘ಫಾಲ್ಸ್’ ಅನ್ನುವ ಮಾತು ನನಗೆ ಯಾವತ್ತೂ ಸರಿ ಬಂದಿಲ್ಲ. ಲಾನ್‌ಗಳಲ್ಲಿ ಕಾಣುವ ಮಾಮೂಲಿ ಡ್ಯಾಂಡಲಿಯನ್ ಯೂರೋಪಿನವರ ಜೊತೆ ಸಮುದ್ರ ದಾಟಿ ಬಂದದ್ದು, ಇದು ಅದಕ್ಕೂ ಮೊದಲಿನಿಂದ ಇದೇ ಹುಲ್ಲುಗಾವಲಲ್ಲಿ ಇದ್ದದ್ದು. ಆಮೇಲೆ ಬಂದವನು ಅಸಲಿ, ಮನೆಯವನು ನಕಲಿ. ಇರಲಿ.

ಆ್ಯಪ್ ತಪ್ಪು ಹೇಳಿತು ಅಂತ ನಗುವ ಹಾಗೂ ಇಲ್ಲ. ಈ ಗೊಂದಲ ತುಂಬಾ ಹಳೆಯದು. ದಕ್ಷಿಣ ಕೆರೊಲಿನಾದಲ್ಲಿ ನೆಲೆಸಿದ್ದ ಸಸ್ಯಶಾಸ್ತ್ರಜ್ಞ ಥಾಮಸ್ ವಾಲ್ಟರ್ 1788ರಲ್ಲಿ ಈ ಗಿಡಕ್ಕೆ ಮೊದಲು ಶಾಸ್ತ್ರೀಯ ಹೆಸರು ಕೊಟ್ಟಾಗ ಇದನ್ನು ಲಿಯೊಂಟೋಡಾನ್ ಅನ್ನುವ ಕುಲಕ್ಕೆ ಸೇರಿಸಿದ್ದ. ಗಿಡಗಳಿಗೆ ಎರಡು ಪದದ ಶಾಸ್ತ್ರೀಯ ಹೆಸರಿಡುವ ಪದ್ಧತಿ ತಂದ ಲಿನ್ನೇಯಸ್ 1753ರಲ್ಲಿ ಡ್ಯಾಂಡಲಿಯನ್ನನ್ನು ಇಟ್ಟಿದ್ದೂ ಅದೇ ಕುಲದಲ್ಲಿ. ಲಿಯೊಂಟೋಡಾನ್ ಅಂದರೆ ಗ್ರೀಕ್‌ನಲ್ಲಿ ಸಿಂಹದ ಹಲ್ಲು, ಡ್ಯಾಂಡಲಿಯನ್ ಅನ್ನುವುದು ಅದನ್ನೇ ಫ್ರೆಂಚ್‌ನಲ್ಲಿ ಹೇಳಿದ್ದು. ಈ ಗಿಡ ಬೇರೆ, ಡ್ಯಾಂಡಲಿಯನ್ ಬೇರೆ ಅಂತ ತೀರ್ಮಾನ ಆಗಿ ಪಿರೋಪಪ್ಪಸ್ ಅನ್ನುವ ಹೆಸರು ಬಂದದ್ದು ಆಮೇಲೆ, ಸ್ವಿಸ್ ಸಸ್ಯಶಾಸ್ತ್ರಜ್ಞ ಡಿ ಕಾಂಡೋಲ್ ಕೈಯಲ್ಲಿ. ಅಷ್ಟು ದೊಡ್ಡವರಿಗೇ ಹಾಗಾಗಿದೆ ಅಂದರೆ ನಾವು ಒಂದೆರಡು ಸಲ ಎಡವಿದರೆ ತಪ್ಪೇನಿಲ್ಲ.

ಸರಿ, ಈಗ ಗುರುತಿಸುವ ಕೆಲಸ.

ಮೊದಲನೆಯದಾಗಿ, ನಿಮ್ಮ ಮುಂದಿರುವುದು ಡ್ಯಾಂಡಲಿಯನ್ ಬಳಗದ್ದೇ ಹೌದಾ ಅಂತ ಖಾತ್ರಿ ಮಾಡಿಕೊಳ್ಳಿ. ರಸ್ತೆ ಬದಿಯಲ್ಲಿ ಹಳದಿ ಹೂವಿಗೆ ಬರವಿಲ್ಲ. ಹೂವಿನ ನಡುವೆ ಗುಂಡಿಯ ಹಾಗೆ ಬೇರೆ ಭಾಗ ಇದ್ದರೆ, ಸೂರ್ಯಕಾಂತಿಯಲ್ಲಿ ಇರುತ್ತದಲ್ಲ ಹಾಗೆ, ಅದನ್ನು ಬಿಟ್ಟು ಮುಂದೆ ಹೋಗಿ. ನಮಗೆ ಬೇಕಾದ ಹೂವಿನಲ್ಲಿ ಅಂಚಿನಿಂದ ನಡುವಿನ ತನಕ ಎಲ್ಲವೂ ಪಟ್ಟಿಯಂಥ ಎಸಳುಗಳೇ. ಒಂದು ಎಸಳು ಕಿತ್ತು ತುದಿ ನೋಡಿ, ಐದು ಪುಟ್ಟ ಹಲ್ಲು ಕಾಣುತ್ತದೆ. ನಿಜ ಹೇಳಬೇಕೆಂದರೆ ನಾವು ಎಸಳು ಅನ್ನುವ ಆ ಒಂದೊಂದೂ ಪೂರ್ತಿ ಒಂದೊಂದು ಹೂವು, ಐದು ದಳ ಒಂದಕ್ಕೊಂದು ಅಂಟಿಕೊಂಡು ಪಟ್ಟಿ ಆಗಿದೆ, ಆ ಐದು ಹಲ್ಲು ಅದರ ಗುರುತು. ಆಮೇಲೆ ಒಂದು ಎಲೆಯನ್ನೋ ಕಾಂಡವನ್ನೋ ಚಿವುಟಿ. ಬಿಳಿ ಹಾಲು ಬರಬೇಕು. ಎಕ್ಕದ ಗಿಡದಷ್ಟು ಸುರಿಯುವುದಿಲ್ಲ, ಒಂದು ಹನಿ ಬಂದರೆ ಸಾಕು. ಎಸಳೂ ಸರಿ ಇದೆ, ಹಾಲೂ ಬಂತು ಅಂದರೆ ಬಳಗ ಸಿಕ್ಕಿತು. ಬಳಗದಲ್ಲಿ ಯಾರು ಅನ್ನುವುದು ಇನ್ನೂ ಸಿಕ್ಕಿಲ್ಲ, ಯಾಕೆಂದರೆ ಡ್ಯಾಂಡಲಿಯನ್, ಕ್ಯಾಟ್ಸ್‌ಇಯರ್, ಸೋ ಥಿಸಲ್, ಕಾಡು ಲೆಟಿಸ್ ಎಲ್ಲಕ್ಕೂ ಹಾಲು ಇದೆ.

ಇಲ್ಲಿಂದ ಮುಂದೆ ಜಾಸ್ತಿ ಜನ ಹೂವನ್ನೇ ನೋಡುತ್ತಾ ಕೂರುತ್ತಾರೆ. ನಾನು ಹೇಳುವುದು, ಬಗ್ಗಿ ಕಾಂಡ ನೋಡಿ. ಮಾಮೂಲಿ ಡ್ಯಾಂಡಲಿಯನ್‌ಗೆ ನಾವು ಕಾಂಡ ಅಂದುಕೊಳ್ಳುವುದು ಬರೀ ಹೂವಿನ ತೊಟ್ಟು. ನೆಲದಿಂದ ನೇರ ಎದ್ದಿರುತ್ತದೆ, ಒಳಗೆ ಪೊಳ್ಳು, ಮೇಲೆ ಒಂದೇ ಹೂ, ಎಲ್ಲೂ ಕವಲಿಲ್ಲ, ಒಂದು ಎಲೆಯೂ ಇಲ್ಲ. ಎಲೆಗಳೆಲ್ಲ ಬುಡದಲ್ಲಿ ಚಕ್ರದ ಹಾಗೆ ಹರಡಿಕೊಂಡಿರುತ್ತವೆ. ಟೆಕ್ಸಾಸ್ ಡ್ಯಾಂಡಲಿಯನ್ ಹಾಗಲ್ಲ. ಬುಡದಲ್ಲೂ ಎಲೆಯ ಚಕ್ರ ಇರುತ್ತದೆ, ಕಾಂಡದ ಮೇಲೂ ಎಲೆ ಇರುತ್ತದೆ. ಮೇಲೆ ಹೋದ ಹಾಗೆ ಎಲೆ ಚಿಕ್ಕದಾಗಿ ಸಪೂರ ಆಗುತ್ತದೆ. ಕಾಂಡ ಕವಲೊಡೆಯುತ್ತದೆ, ಒಂದೊಂದು ಕವಲಿನ ತುದಿಗೂ ಒಂದೊಂದು ಹೂ. ಒಂದು ಅರಳಿದ್ದರೆ ಪಕ್ಕದಲ್ಲಿ ಎರಡು ಮೊಗ್ಗು, ಕೆಳಗೊಂದು ಮುಚ್ಚಿದ್ದು, ಹೀಗೆ ಎಲ್ಲ ವಯಸ್ಸಿನವೂ ಒಂದೇ ಗಿಡದಲ್ಲಿ ಸಿಗುತ್ತವೆ. ಎತ್ತರ ಸಾಮಾನ್ಯವಾಗಿ ಒಂದರಿಂದ ಎರಡು ಅಡಿ. ಆಗಾಗ ಹುಲ್ಲು ಕತ್ತರಿಸುವ ಜಾಗದಲ್ಲಿ ಒಂದು ಗೇಣೂ ಏಳದೆ ಹೂ ಬಿಡುತ್ತದೆ, ಆದ್ದರಿಂದ ಎತ್ತರ ನೋಡಿ ತೀರ್ಪು ಕೊಡಬೇಡಿ.

ಎಲೆಯನ್ನೂ ನಂಬಬೇಡಿ, ಇದು ಅನುಭವದ ಮಾತು. ಒಂದೇ ಗಿಡದಲ್ಲಿ ಒಂದು ಎಲೆ ಅಂಚು ನುಣ್ಣಗಿರುತ್ತದೆ, ಇನ್ನೊಂದಕ್ಕೆ ಹಲ್ಲಿರುತ್ತದೆ, ಮತ್ತೊಂದು ನಡುನರದ ತನಕ ಸೀಳಿರುತ್ತದೆ. ಚಳಿಗಾಲದಲ್ಲಿ ನೆಲಕ್ಕೆ ಅಂಟಿಕೊಂಡಿರುವ ಬರೀ ಎಲೆಯ ಚಕ್ರ ನೋಡಿ ಇದು ಇಂಥದ್ದೇ ಅಂತ ಎದೆ ತಟ್ಟಿ ಹೇಳುವವರನ್ನು ಕಂಡರೆ ನನಗೆ ಸ್ವಲ್ಪ ಅನುಮಾನ. ಹೂ ಬರುವ ತನಕ ಕಾಯುವುದು ಒಳ್ಳೆಯದು.

ಹೂವಿನ ಒಳಗಿನ ರೆಪ್ಪೆಗೂದಲು

ಈಗ ಹೂವಿಗೆ ಬರೋಣ. ಬಣ್ಣ ನಿಂಬೆಹಣ್ಣಿನ ಸಿಪ್ಪೆಯದು, ತಿಳಿ ಹಳದಿ. ಮಾಮೂಲಿ ಡ್ಯಾಂಡಲಿಯನ್‌ನದು ಅರಿಶಿನದ ಕೊಂಬು ಮುರಿದಾಗ ಕಾಣುವ ಗಾಢ ಹಳದಿ. ಎರಡನ್ನೂ ಪಕ್ಕಪಕ್ಕ ಇಟ್ಟು ಒಂದು ಸಲ ನೋಡಿದರೆ ಮತ್ತೆ ಮರೆಯುವುದಿಲ್ಲ, ಆದರೆ ಒಂದನ್ನೇ ನೋಡಿದಾಗ ಬಣ್ಣ ಮೋಸ ಮಾಡುತ್ತದೆ, ಅದರಲ್ಲೂ ಫೋನ್ ಕ್ಯಾಮೆರಾ ಹಳದಿಯನ್ನು ತನಗೆ ಬೇಕಾದ ಹಾಗೆ ಬದಲಾಯಿಸುತ್ತದೆ. ಅಗಲ ಒಂದರಿಂದ ಒಂದೂವರೆ ಇಂಚು.

ಬಣ್ಣಕ್ಕಿಂತ ಗಟ್ಟಿ ಗುರುತು ಒಂದಿದೆ. ಅದನ್ನು ನನಗೆ ತೋರಿಸಿದ್ದು ನನ್ನ ಮಗಳು. ಆರು ವರ್ಷದವಳು, ಹೂವಿಗೆ ಮೂಗು ತಾಗಿಸಿಕೊಂಡು ಕೂತಿದ್ದಳು. “ಅಪ್ಪಾ, ಈ ಹೂವಿಗೆ ರೆಪ್ಪೆಗೂದಲು ಇದೆ ನೋಡು” ಅಂದಳು. ನಾನೂ ಮಂಡಿಯೂರಿ ನೋಡಿದೆ. ನಡುವೆ ಕಪ್ಪುಕಪ್ಪಾದ ಗೀಟುಗಳು, ಕಾಡಿಗೆ ಹಚ್ಚಿದ ಹಾಗೆ, ನೆಟ್ಟಗೆ ನಿಂತಿವೆ. ಒಂದೊಂದರ ತುದಿಯಿಂದ ಹಳದಿ ಕಡ್ಡಿಯೊಂದು ಹೊರಬಂದು ಎರಡಾಗಿ ಸೀಳಿ ಸುರುಳಿ ಸುತ್ತಿದೆ, ಅದಕ್ಕೆ ಪರಾಗದ ಪುಡಿ ಮೆತ್ತಿದೆ. ಆ ಕಪ್ಪು ಗೀಟುಗಳು ಕೇಸರದ ಪರಾಗಕೋಶಗಳು. ಐದು ಸೇರಿ ಒಂದು ಕೊಳವೆ ಆಗಿರುತ್ತವೆ, ಬಣ್ಣ ಕಪ್ಪಿಗೆ ಹತ್ತಿರದ ನೇರಳೆ. ಮಾಮೂಲಿ ಡ್ಯಾಂಡಲಿಯನ್‌ನಲ್ಲಿ ಈ ಭಾಗವೂ ಹಳದಿಯೇ, ಕ್ಯಾಟ್ಸ್‌ಇಯರ್‌ನಲ್ಲೂ ಹಳದಿಯೇ. ಅದಾದ ಮೇಲೆ ನಾನು ಬೇರೆಲ್ಲ ಬಿಟ್ಟು ಮೊದಲು ರೆಪ್ಪೆಗೂದಲೇ ಹುಡುಕುವುದು. ಭೂತಗನ್ನಡಿ ಬೇಕಿಲ್ಲ, ಬರಿಗಣ್ಣಿಗೆ ಕಾಣುತ್ತದೆ. ತಿಳಿ ಹಳದಿ, ನಡುವೆ ಕಾಡಿಗೆ, ಕಾಂಡದ ಮೇಲೆ ಎಲೆ: ಈ ಮೂರೂ ಒಟ್ಟಿಗೆ ಇದ್ದರೆ ಮುಕ್ಕಾಲು ಪಾಲು ಕೆಲಸ ಮುಗಿದ ಹಾಗೆ.

ಇನ್ನು ಹೂವನ್ನು ತಿರುಗಿಸಿ ಹಿಂಬದಿ ನೋಡಿ. ಹೂವನ್ನು ಹಿಡಿದುಕೊಂಡಿರುವ ಹಸಿರು ಬಟ್ಟಲು ಇರುತ್ತದೆ, ಸಪೂರ ಪುಟ್ಟೆಲೆಗಳಿಂದ ಆದದ್ದು. ಮಾಮೂಲಿ ಡ್ಯಾಂಡಲಿಯನ್‌ನಲ್ಲಿ ಹೊರಸಾಲಿನ ಪುಟ್ಟೆಲೆಗಳು ಕೆಳಕ್ಕೆ ಮಡಚಿಕೊಂಡು ನೇತಾಡುತ್ತವೆ, ಹೂ ಚೆನ್ನಾಗಿ ಅರಳಿರುವಾಗಲೂ. ನಮ್ಮ ಗಿಡದಲ್ಲಿ ಹೊರಸಾಲಿನವು ಗಿಡ್ಡ, ಒಳಸಾಲಿನವು ಉದ್ದ, ಹಾಗೆ ಕೆಳಕ್ಕೆ ಮಡಚಿಕೊಂಡಿರುವುದಿಲ್ಲ. ಈ ಒಂದು ಗುರುತಿಗೆ ಹತ್ತು ಸೆಕೆಂಡೂ ಬೇಡ, ಆದರೂ ಫೋಟೋ ತೆಗೆಯುವವರಲ್ಲಿ ಮುಕ್ಕಾಲು ಜನ ಹೂವಿನ ಮುಖ ಮಾತ್ರ ತೆಗೆದು ಎದ್ದು ಹೋಗುತ್ತಾರೆ.

ಯಾಕೆ ಬೆಳಿಗ್ಗೆಯೇ ಹೋಗಬೇಕು

ಬಿಸಿಲಿನ ದಿನ ಈ ಹೂ ಬೆಳಿಗ್ಗೆ ಬೇಗ ಅರಳುತ್ತದೆ, ಮಧ್ಯಾಹ್ನದ ಹೊತ್ತಿಗೆ ಮುಚ್ಚಿಕೊಳ್ಳುತ್ತದೆ. ಮೋಡ ಇದ್ದರೆ ಸ್ವಲ್ಪ ಜಾಸ್ತಿ ಹೊತ್ತು ತೆರೆದಿರುತ್ತದೆ. ಎಂಟರಿಂದ ಹತ್ತೂವರೆ ಒಳಗೆ ಹೋದರೆ ನಿರಾಸೆ ಆಗುವುದಿಲ್ಲ. ಟೆಕ್ಸಾಸ್‌ನ ರಾಜ್ಯ ಹೂವಾದ ಬ್ಲೂಬಾನೆಟ್ ಫೋಟೋಗೆ ಅಂತ ಸಂಜೆ ಹೋಗುವವರು ಇದನ್ನು ನೋಡಿಯೇ ಇರುವುದಿಲ್ಲ. ಪಕ್ಕದಲ್ಲೇ ನೂರು ಗಿಡ ಇದ್ದರೂ ಕಣ್ಣಿಗೆ ಬೀಳುವುದಿಲ್ಲ.

ಬೆಳಿಗ್ಗೆ ಹೋದರೆ ಇನ್ನೊಂದು ಲಾಭ ಇದೆ. ಹೂವಿನ ಹತ್ತಿರ ಸುಮ್ನೆ ಐದು ನಿಮಿಷ ಕೂತರೆ ಒಂದು ಪುಟ್ಟ ಕಪ್ಪು ಜೇನ್ನೊಣ ಬರಬಹುದು. ಲ್ಯಾಸಿಯೊಗ್ಲೋಸಮ್ ಲಸ್ಟ್ರಾನ್ಸ್ ಅಂತ ಅದರ ಹೆಸರು. ಪೆಟ್ಟಿಗೆಯಲ್ಲಿ ಸಾಕುವ ಜಾತಿಯಲ್ಲ, ನೆಲದಲ್ಲಿ ಬಿಲ ಮಾಡಿಕೊಂಡಿರುವಂಥದ್ದು. ತನ್ನ ಮರಿಗಳಿಗೆ ಅಂತ ಅದು ಪರಾಗ ಕೂಡಿಸುವುದು ಪಿರೋಪಪ್ಪಸ್ ಹೂಗಳಿಂದಲೇ. ಹೂ ತೆರೆದಿರುವ ಆ ಎರಡು ಮೂರು ಗಂಟೆಯಲ್ಲೇ ಅದರ ಕೆಲಸ ಮುಗಿಯಬೇಕು. ಜೇಮ್ಸ್ ಎಸ್ಟಿಸ್ ಮತ್ತು ರಾಬಿನ್ ಥಾರ್ಪ್ 1975ರಲ್ಲಿ ಈ ಹೂವಿನ ಪರಾಗಸ್ಪರ್ಶದ ಬಗ್ಗೆಯೇ ಒಂದು ಪ್ರಬಂಧ ಬರೆದಿದ್ದಾರೆ, ಈ ಪುಟ್ಟ ಜೇನು ಅದರಲ್ಲಿ ಮುಖ್ಯ ಪಾತ್ರ. ಬೇರೆ ಜೇನುಗಳೂ ಈ ಹೂವಿಗೆ ಬರುತ್ತವೆ, ಹಾಗಾಗಿ ಜೇನು ಬಂತು ಅಂದಾಕ್ಷಣ ಗಿಡ ಇದೇ ಅಂತ ಬರೆದುಕೊಳ್ಳಬೇಡಿ. ನಾನು ಇದನ್ನು ಹೇಳಿದ್ದು ಗುರುತಿಗಾಗಿ ಅಲ್ಲ, ನೋಡಲು ಚೆನ್ನಾಗಿರುತ್ತದೆ ಅಂತ.

ವಸಂತದಲ್ಲಿ, ಅಂದರೆ ಮಾರ್ಚ್‌ನಿಂದ ಜೂನ್ ತನಕ, ಹೂ ಜಾಸ್ತಿ. ಆಮೇಲೂ ಮಳೆ ಬಿದ್ದಾಗ ಅಲ್ಲೊಂದು ಇಲ್ಲೊಂದು ಕಾಣಿಸುತ್ತದೆ. ಟೆಕ್ಸಾಸ್‌ನ ಹೆದ್ದಾರಿ ಇಲಾಖೆ ವಸಂತದ ಕಾಡುಹೂಗಳು ಬೀಜ ಕಟ್ಟುವ ತನಕ ರಸ್ತೆ ಬದಿಯ ಹುಲ್ಲು ಕತ್ತರಿಸುವುದನ್ನು ತಡ ಮಾಡುತ್ತದೆ, ಬ್ಲೂಬಾನೆಟ್‌ಗೆ ಸಿಗುವ ಆ ಮರ್ಯಾದೆಯಲ್ಲಿ ಇದಕ್ಕೂ ಒಂದು ಪಾಲು ಸಿಗುತ್ತದೆ. ನೋಡಲು ನಿಂತಾಗ ಕಾರನ್ನು ಪೂರ್ತಿ ರಸ್ತೆಯಿಂದ ಕೆಳಗೆ ಇಳಿಸಿ. ಹುಲ್ಲಿನಲ್ಲಿ ಕಾಲಿಡುವ ಮೊದಲು ಬೆಂಕಿ ಇರುವೆಯ ಗುಡ್ಡೆ ಇದೆಯಾ ನೋಡಿ. ನಾನು ಒಂದು ಸಲ ನೋಡದೆ ಮಂಡಿಯೂರಿದ್ದೆ, ಆ ದಿನದ ಫೋಟೋ ಒಂದೂ ನೆಟ್ಟಗೆ ಬಂದಿಲ್ಲ.

ಇದರ ಹಾಗೇ ಕಾಣುವ ಬೇರೆಯವರು

ತುಂಬಾ ಸತಾಯಿಸುವುದು ಕ್ಯಾಟ್ಸ್‌ಇಯರ್, ಸಸ್ಯಶಾಸ್ತ್ರದ ಹೆಸರು ಹೈಪೋಕೀರಿಸ್. ಅದಕ್ಕೂ ಕಾಂಡ ಕವಲೊಡೆಯುತ್ತದೆ, ಅದಕ್ಕೂ ಹಳದಿ ಹೂ. ಆದರೆ ಅದರ ಕಾಂಡ ತಂತಿಯ ಹಾಗೆ ಗಟ್ಟಿ, ಮೇಲೆ ಎಲೆ ಇರುವುದಿಲ್ಲ, ಇದ್ದರೂ ಮೀನಿನ ಪೊರೆಯಷ್ಟು ಚಿಕ್ಕ ಚೂರುಗಳು. ಬುಡದ ಎಲೆಯ ಮೇಲೆ ಬೆರಳು ಆಡಿಸಿ ನೋಡಿ, ಒರಟು ರೋಮ ಕೈಗೆ ಹತ್ತುತ್ತದೆ, ಕ್ಯಾಟ್ಸ್‌ಇಯರ್, ಅಂದರೆ ಬೆಕ್ಕಿನ ಕಿವಿ, ಅನ್ನುವ ಹೆಸರು ಬಂದದ್ದೂ ಅದರಿಂದಲೇ. ಸಾಲದ್ದಕ್ಕೆ ನಡುವೆ ಕಾಡಿಗೆ ಇರುವುದಿಲ್ಲ. ಇದೂ ಯೂರೋಪಿನ ಕಡೆಯದು.

ಸೋ ಥಿಸಲ್ ಗುರುತಿಸುವುದು ಸುಲಭ. ಹೂ ಚಿಕ್ಕದು, ಗೊಂಚಲಾಗಿ ಬರುತ್ತದೆ, ಎಲೆಯ ಬುಡ ಕಾಂಡವನ್ನು ಎರಡು ಕಿವಿಯ ಹಾಗೆ ತಬ್ಬಿಕೊಂಡಿರುತ್ತದೆ, ಅಂಚಿನಲ್ಲಿ ಮುಳ್ಳು. ಕಾಡು ಲೆಟಿಸ್‌ನ ಒಂದು ಜಾತಿಗೆ ಎಲೆಯ ಹಿಂದೆ ನಡುನರದ ಮೇಲೆ ಮುಳ್ಳಿನ ಸಾಲು ಇರುತ್ತದೆ, ಹೂ ಇನ್ನೂ ಚಿಕ್ಕದು. ಮನೆಯ ಹೂಕುಂಡದ ಪಕ್ಕ, ಗೋಡೆಯ ಬುಡದಲ್ಲಿ ಏಳುವ ಯಂಗಿಯಾ ಅನ್ನುವ ಏಷ್ಯಾದ ಗಿಡ ಇದೆ, ಅದರ ಹೂ ಉಗುರಿನಷ್ಟೇ. ಇವು ಮೂರಕ್ಕೂ ಜಾಸ್ತಿ ಹೊತ್ತು ಕೊಡಬೇಕಿಲ್ಲ.

ಇಲ್ಲಿನದೇ ನೆಲದ ಇನ್ನೆರಡು ಗಿಡಗಳ ಬಗ್ಗೆ ಮಾತ್ರ ಎಚ್ಚರ ಇರಲಿ. ಕ್ರಿಗಿಯಾ, ಅಂದರೆ ಡ್ವಾರ್ಫ್ ಡ್ಯಾಂಡಲಿಯನ್, ಮರಳು ನೆಲದಲ್ಲಿ ಸಿಗುತ್ತದೆ. ಸಾಮಾನ್ಯವಾಗಿ ಕಾಣುವವು ನಮ್ಮ ಗಿಡಕ್ಕಿಂತ ತೀರಾ ಪುಟ್ಟವು, ಹೂವೂ ಚಿಕ್ಕದು, ಹಳದಿಯಲ್ಲಿ ಕಿತ್ತಳೆಯ ಛಾಯೆ ಇರುತ್ತದೆ. ಇನ್ನೊಂದು ಪಿನಾರೋಪಪ್ಪಸ್, ಹೆಸರು ಕೇಳಿದರೆ ಅಣ್ಣತಮ್ಮಂದಿರು ಅನ್ನಿಸುತ್ತದೆ. ಸುಣ್ಣಕಲ್ಲಿನ ನೆಲದಲ್ಲಿ ಬೆಳೆಯುತ್ತದೆ. ಅದರ ಹೂ ಬಿಳಿ, ಎಸಳಿನ ಹಿಂಬದಿ ನಸುಗೆಂಪು. ಬಣ್ಣದಿಂದಲೇ ಗೊತ್ತಾಗಿಬಿಡುತ್ತದೆ.

ಬೀಜ ಸಿಕ್ಕರೆ ಬಿಡಬೇಡಿ

ಹೂ ಮುಗಿದ ಮೇಲೆ ತಲೆ ಕೆಲವು ದಿನ ಮುಚ್ಚಿಕೊಂಡೇ ಇರುತ್ತದೆ, ಒಳಗೆ ಬೀಜ ಬಲಿಯುತ್ತದೆ. ಆಮೇಲೆ ಒಂದು ದಿನ ಹತ್ತಿಯ ಚೆಂಡಿನ ಹಾಗೆ ಬಿಚ್ಚಿಕೊಳ್ಳುತ್ತದೆ. ಮಕ್ಕಳು ಊದುವ ಮೊದಲು ಒಂದು ಬೀಜ ಎತ್ತಿಟ್ಟುಕೊಳ್ಳಿ. ಕೆಂಪು ಮಿಶ್ರಿತ ಕಂದು ಬಣ್ಣ, ಸುಮಾರು 5 ಮಿಲಿಮೀಟರ್ ಉದ್ದ, ಮೇಲೆ ಅದಕ್ಕಿಂತ ಉದ್ದದ ದಾರದಂಥ ಕೊಕ್ಕು, ಕೊಕ್ಕಿನ ತುದಿಗೆ ಕೊಡೆ. ಮಾಮೂಲಿ ಡ್ಯಾಂಡಲಿಯನ್‌ನ ಕೊಡೆ ಅಚ್ಚ ಬಿಳಿ, ಇದರದ್ದು ಮಾಸಲು, ಸ್ವಲ್ಪ ಕಂದು ಕಡೆಗೆ. ಪಿರೋಪಪ್ಪಸ್ ಅನ್ನುವ ಹೆಸರಿನ ಅರ್ಥವೂ ಅದೇ, ಕೆಂಬಣ್ಣದ ಕೊಡೆ. ಹೆಸರು ಕೇಳಿ ಬೆಂಕಿಯ ಬಣ್ಣ ಹುಡುಕಿದರೆ ಮೋಸ ಹೋಗುತ್ತೀರಿ, ಹಳೆಯ ಬಿಳಿ ಪಂಚೆಯ ಬಣ್ಣ ಅಂದುಕೊಂಡು ಹೋಗಿ.

ಇಲ್ಲಿ ಮಾತ್ರ ಭೂತಗನ್ನಡಿ ಬೇಕು. ಕೊಡೆಯ ಕಡ್ಡಿಗಳು ಶುರುವಾಗುವ ಜಾಗದಲ್ಲಿ, ಅವುಗಳ ಬುಡದಲ್ಲಿ, ಕೆಳಮುಖವಾಗಿ ಬಾಗಿದ ಮೆತ್ತನೆ ಬಿಳಿ ರೋಮಗಳ ಒಂದು ಪುಟ್ಟ ಉಂಗುರ ಇರುತ್ತದೆ. ಅದು ಕಂಡರೆ ವಾದವೇ ಇಲ್ಲ. ಕ್ಯಾಟ್ಸ್‌ಇಯರ್ ಬೀಜದಲ್ಲಿ ಆ ಉಂಗುರ ಇಲ್ಲ, ಬದಲಿಗೆ ಕೊಡೆಯ ಕಡ್ಡಿಗಳೇ ಹಕ್ಕಿಯ ಗರಿಯ ಹಾಗೆ ಕವಲೊಡೆದಿರುತ್ತವೆ.

ಫೋಟೋ ತೆಗೆದು ಬೇರೆಯವರನ್ನು ಕೇಳುವುದಾದರೆ ಒಂದೇ ಫೋಟೋ ಹಾಕಿ ‘ಇದು ಯಾವ ಹೂ?’ ಅನ್ನಬೇಡಿ. ಹೂವಿನ ನಡುಭಾಗ ಹತ್ತಿರದಿಂದ, ಹೂವಿನ ಹಿಂಬದಿ, ಕಾಂಡ ಮತ್ತು ಅದರ ಮೇಲಿನ ಎಲೆ, ಬುಡ, ಸಿಕ್ಕರೆ ಬೀಜ. ಎಷ್ಟು ಹೊತ್ತಿಗೆ ತೆಗೆದದ್ದು ಅಂತಲೂ ಬರೆಯಿರಿ, ಅದು ಸುಳಿವು ಕೊಡುತ್ತದೆ.

ಇಷ್ಟೆಲ್ಲ ಆದ ಮೇಲೂ ಒಂದು ತೊಡಕು ಉಳಿಯುತ್ತದೆ. ಟೆಕ್ಸಾಸ್‌ನಲ್ಲಿ ಪಿರೋಪಪ್ಪಸ್ ಒಂದೇ ಜಾತಿಯಲ್ಲ. ಪಿರೋಪಪ್ಪಸ್ ಕೆರೊಲಿನಿಯಾನಸ್ ಇಲ್ಲಿಂದ ಪೂರ್ವಕ್ಕೆ ಫ್ಲೋರಿಡಾ, ಕೆರೊಲಿನಾಗಳ ತನಕ ಹರಡಿದೆ. ಪಿರೋಪಪ್ಪಸ್ ಪಾಸಿಫ್ಲೋರಸ್ ಬುಡದಿಂದಲೇ ಹಲವು ಕಾಂಡ ಎಬ್ಬಿಸುವುದರಿಂದ ಅದಕ್ಕೆ ಮೆನಿ-ಸ್ಟೆಮ್, ಅಂದರೆ ಹಲವು ಕಾಂಡದ್ದು, ಅಂತಲೂ ಹೆಸರು. ಪಿರೋಪಪ್ಪಸ್ ಗ್ರಾಂಡಿಫ್ಲೋರಸ್‌ಗೆ ಕಾಂಡದ ಮೇಲೆ ಎಲೆ ಇಲ್ಲವೆಂದೇ ಹೇಳಬೇಕು, ನೆಲದೊಳಗೆ ಪುಟ್ಟ ಗೆಡ್ಡೆ ಇರುತ್ತದೆ. ಹಾಗಾಗಿ ಕಾಡಿಗೆ ಇದೆ ಆದರೆ ಕಾಂಡದಲ್ಲಿ ಎಲೆ ಇಲ್ಲ ಅಂತ ಗಾಬರಿ ಆದರೆ ಆ ಮೂರನೆಯದನ್ನು ನೆನಪು ಮಾಡಿಕೊಳ್ಳಿ. ಗೆಡ್ಡೆ ಇದೆಯಾ ನೋಡಲು ಅಂತ ಗಿಡ ಕೀಳಬೇಡಿ. ಮೊದಲ ಎರಡನ್ನು ಬಿಡಿಸುವುದು ನನಗೆ ಇವತ್ತಿಗೂ ಪ್ರತಿ ಸಲ ಆಗುವುದಿಲ್ಲ. ಸಂಶಯ ಇದ್ದಾಗ ನೋಟ್‌ಬುಕ್ಕಿನಲ್ಲಿ ಬರೀ ಪಿರೋಪಪ್ಪಸ್ ಅಂತ ಬರೆದು ಮುಂದೆ ಹೋಗುತ್ತೇನೆ.

ತಿನ್ನಬಹುದಾ ಅಂತ ಕೇಳುವವರು ಇದ್ದೇ ಇರುತ್ತಾರೆ. ರಸ್ತೆ ಬದಿಯದನ್ನು ಬೇಡ, ಅಲ್ಲಿ ಕಳೆನಾಶಕ, ಗಾಡಿಯ ಹೊಗೆ ಎಲ್ಲ ಬಿದ್ದಿರುತ್ತದೆ. ಅಲ್ಲದೆ ಗುರುತಿಸಲು ಈಗಷ್ಟೇ ಕಲಿಯುತ್ತಿರುವ ಗಿಡವನ್ನು ಬಾಯಿಗೆ ಹಾಕುವುದು ಜಾಣತನ ಅಲ್ಲ.

ನಮ್ಮ ಮನೆ ಮುಂದಿನ ಹುಲ್ಲಿನಲ್ಲಿ ಈ ವರ್ಷ ಮೂರು ಗಿಡ ಎದ್ದಿವೆ. ಮಗಳು ಒಂದೊಂದರ ಪಕ್ಕವೂ ಐಸ್‌ಕ್ರೀಮ್ ಕಡ್ಡಿ ನೆಟ್ಟಿದ್ದಾಳೆ, ಹುಲ್ಲು ಕತ್ತರಿಸುವ ಮಷೀನ್ ಅದನ್ನು ಸುತ್ತಿ ಹೋಗಬೇಕು. ನಿನ್ನೆ ಬೆಳಿಗ್ಗೆ ಎಂಟೂವರೆಗೆ ಎರಡು ಹೂ ತೆರೆದಿತ್ತು, ಮೂರನೆಯ ಗಿಡದ್ದು ಇನ್ನೂ ಮೊಗ್ಗು.